ತಟಸ್ಥನ ಬಾಗಿಲು



ಇಬ್ಬರು ಬಲಾಢ್ಯರು ಹೊಡೆದಾಡುವಾಗ ನಡುವೆ ಹೊಲವಿರುವ ಬಡವ ಏನು ಮಾಡಬೇಕು? ‘ನಾನು ಯಾರ ಪಕ್ಷವೂ ಅಲ್ಲ’ ಎಂದು ತನ್ನ ಪಾಡಿಗೆ ತಾನಿರುವುದು ತಪ್ಪೆ? ಎರಡನೆಯ ಮಹಾಯುದ್ಧದಲ್ಲಿ ಸ್ವಿಟ್ಜರ್‌ಲೆಂಡ್ ದೇಶಕ್ಕೆ ಬಂದ ಇಕ್ಕಟ್ಟು ಇಂಥದೇ.

ಸುಮಾರು 40 ಲಕ್ಷ ಜನರ ಆ ದೇಶ ಯಾರ ಯುದ್ಧಕ್ಕೂ ಹೋಗುವುದಿಲ್ಲವೆಂಬುದನ್ನು ಯುರೋಪಿನ ದೊರೆಗಳು 1815ರಲ್ಲೇ ಒಪ್ಪಿದ್ದರು. 1940ರಲ್ಲಿ ಫ್ರಾನ್ಸ್ ಸೋತ ಮೇಲೆ ಹೆಚ್ಚುಕಡಿಮೆ ಸುತ್ತಲೂ ಜರ್ಮನಿ, ಇಟಲಿಗಳದೇ ಕಾವಲು. ಕಲ್ಲಿದ್ದಲು ಜರ್ಮನಿಯಿಂದಲೇ ಬರಬೇಕು. ದಂಡನಾಯಕ ಆನ್ರಿ ಗಿಸಾನ್ ಸೈನ್ಯವನ್ನು ಆಲ್ಪ್ಸ್ ಬೆಟ್ಟಗಳೊಳಗೆ ಸರಿಸಿದರು. ಕೃಷಿ ತಜ್ಞ ವಾಲೆನ್ ಅವರ ಯೋಜನೆಯಂತೆ ಪಟ್ಟಣದ ಉದ್ಯಾನ, ಆಟದ ಬಯಲುಗಳನ್ನೂ ಉತ್ತು ಆಲೂಗಡ್ಡೆ ಬೆಳೆದರು. ಒಕ್ಕಲುತನ ಬಲ್ಲ ನಮಗೆ ಇದನ್ನು ಕೇಳಿದರೆ ಗೌರವವೇ ಮೂಡುತ್ತದೆ. ಇಲ್ಲಿಯವರೆಗೆ ತಟಸ್ಥನನ್ನು ಹಳಿಯುವಂತಿಲ್ಲ.

ಆದರೆ ವ್ಯಾಪಾರವೂ ನಡೆಯಿತು. ಬೆಲ್ಜಿಯಂ ಮುಂತಾದ ದೇಶಗಳ ಬೊಕ್ಕಸದಿಂದ ಜರ್ಮನಿ ದೋಚಿದ್ದ ಬಂಗಾರವನ್ನು ಅಲ್ಲಿಯ ರಾಷ್ಟ್ರೀಯ ಬ್ಯಾಂಕು ಕೊಂಡಿತು. ಅಂಗಡಿಯಲ್ಲಿ ಕೂತವರಿಗೆ ನಾವು ಹೇಳಬೇಕಿಲ್ಲ, ಕದ್ದ ಮಾಲು ತಕ್ಕಡಿಗೆ ಬಂದಾಗ ಮನಸ್ಸಿಗೆ ಗೊತ್ತಾಗಿಯೇ ಇರುತ್ತದೆ.

ಅದಕ್ಕಿಂತ ದೊಡ್ಡದು ಗಡಿಯ ಸಂಗತಿ. ನಮಗೆ ಗಡಿಯೆಂದರೆ ಸಂತೆಗೆ ಹೋಗುವಾಗ ದಾಟುವ ಗೆರೆ. ಜರ್ಮನಿಯ ಕೈಯಿಂದ ತಪ್ಪಿಸಿಕೊಂಡು ಓಡಿಬಂದ ಯಹೂದ್ಯರಿಗೆ ಅದು ಜೀವದ ಗೆರೆ. 1942ರ ಆಗಸ್ಟಿನಲ್ಲಿ ಅದನ್ನು ಮುಚ್ಚಲಾಯಿತು. ಯುದ್ಧ ಮುಗಿಯುವುದರೊಳಗೆ ಹತ್ತಾರು ಸಾವಿರ ಜನರಿಗೆ ಆಶ್ರಯ ಕೊಟ್ಟದ್ದೂ ನಿಜ, ಸಾವಿರಾರು ಜನರನ್ನು ಹಿಂದಕ್ಕಟ್ಟಿದ್ದೂ ನಿಜ. ತುಂಬಿದ ದೋಣಿಗೆ ಇನ್ನಷ್ಟು ಜನ ಹತ್ತಿದರೆ ಎಲ್ಲರೂ ಮುಳುಗುತ್ತೇವೆಂಬುದು ಸರಕಾರದ ವಾದ. ಆ ಅಂಜಿಕೆ ಸುಳ್ಳಲ್ಲ. ಆದರೂ ಎರಡು ಸೈನ್ಯಗಳ ನಡುವೆ ಸುಮ್ಮನಿರುವ ಮಾತು ಬೇರೆ, ಬೆನ್ನಟ್ಟಿ ಬಂದವನಿಗೂ ಓಡಿಬಂದವನಿಗೂ ನಡುವೆ ಸುಮ್ಮನಿರುವ ಮಾತು ಬೇರೆ. ಅಲ್ಲಿ ಕದ ಹಾಕಿದವನು ಬೆನ್ನಟ್ಟಿದವನಿಗೆ ನೆರವಾದಂತೆಯೇ ಆಯಿತಲ್ಲವೆ?

ಸೇಂಟ್ ಗಾಲನ್ ಪ್ರಾಂತದ ಪೊಲೀಸ್ ಮುಖ್ಯಸ್ಥ ಪಾಲ್ ಗ್ರೂನಿಂಗರ್ ಯುದ್ಧಕ್ಕೆ ಮುಂಚೆಯೇ ಈ ಪ್ರಶ್ನೆಗೆ ಎದುರಾದರು. 1938ರಲ್ಲಿ ಆಸ್ಟ್ರಿಯಾದ ಕಡೆಯಿಂದ ಬಂದ ಯಹೂದ್ಯರ ಕಾಗದಪತ್ರಗಳಲ್ಲಿ ಹಿಂದಿನ ತಾರೀಖು ಹಾಕಿಸಿ ಒಳಗೆ ಬಿಟ್ಟರು. ಅವರ ಕೈಯಲ್ಲಿ ಕತ್ತಿಯಿರಲಿಲ್ಲ, ಯಾವ ದೇಶದ ಮೇಲೂ ಅವರು ಯುದ್ಧ ಸಾರಲಿಲ್ಲ. 1939ರಲ್ಲಿ ನೌಕರಿ ಹೋಯಿತು. 1940ರಲ್ಲಿ ಕೋರ್ಟು ದಂಡ ವಿಧಿಸಿತು. ಪಿಂಚಣಿಯಿಲ್ಲದೆ ಸಿಕ್ಕ ಕೆಲಸ ಮಾಡಿ ಬದುಕಿದರು, 1972ರಲ್ಲಿ ತೀರಿಕೊಂಡರು.

ಯಹೂದ್ಯರ ಪಾಸ್‌ಪೋರ್ಟಿಗೆ ಗುರುತಿನ ಮುದ್ರೆ ಒತ್ತುವುದಕ್ಕೆ ತಮ್ಮ ದೇಶ ಒಪ್ಪಿದ್ದಕ್ಕಾಗಿ 1995ರಲ್ಲಿ ಅಲ್ಲಿಯ ಅಧ್ಯಕ್ಷರು ಕ್ಷಮೆ ಕೇಳಿದರು. ಅದೇ ವರ್ಷ ಸೇಂಟ್ ಗಾಲನ್ನಿನ ನ್ಯಾಯಾಲಯ ಗ್ರೂನಿಂಗರ್ ಅವರ ಮೇಲಿನ ಶಿಕ್ಷೆಯನ್ನು ತೆಗೆದುಹಾಕಿತು. ಆಗ ಅವರು ಸತ್ತು 23 ವರ್ಷವಾಗಿತ್ತು.