ಧಾರಾವಿಯಿಂದ ಧಾರಾವಿಗೆ

ಗೊರಾಯಿ, ಮನೋರಿ, ಉತ್ತನ್ ಊರುಗಳಿರುವ ದ್ವೀಪಕ್ಕೂ ಧಾರಾವಿ ಎಂದೇ ಹೆಸರು. ಮಾಹಿಮ್ ಖಾಡಿಯ ಪಕ್ಕದ ಧಾರಾವಿಯಲ್ಲಿ ಬೆಳೆದ ನನಗೆ ಇದು ಗೊತ್ತಾಗಿದ್ದು ತೀರಾ ಈಚೆಗೆ. 1989ರಲ್ಲಿ ಶುರುವಾದ ಎಸ್ಸೆಲ್‌ವರ್ಲ್ಡ್ ಇದ್ದದ್ದು ಆ ಇನ್ನೊಂದು ಧಾರಾವಿಯಲ್ಲಿ. ಮನೆಗೆ ಮರಳಲು ಒಲ್ಲದ ಹುಡುಗರ ಅದರ ಜಾಹೀರಾತು ಹಾಡನ್ನು ನಮ್ಮ ಗಲ್ಲಿಯ ಮಕ್ಕಳೆಲ್ಲ ಹಾಡುತ್ತಿದ್ದರು. ಹೋಗಿ ಬಂದವರು ಮಾತ್ರ ಯಾರೂ ಇರಲಿಲ್ಲ.

ನಾವು ಹೋದೆವು. ನನಗೆ ಒಂಬತ್ತು, ಅಕ್ಕನಿಗೆ ಹದಿನಾರು. ಲೋಕಲ್‌ನಲ್ಲಿ ಬೋರಿವಲಿ, ಅಲ್ಲಿಂದ ಬಸ್ಸು, ಆಮೇಲೆ ಖಾಡಿ ದಾಟಲು ಲಾಂಚು. ದೊಡ್ಡ ಚಕ್ರದ ತುದಿಯಿಂದ ನಾನು ಕೈಬೀಸಿದಾಗ ಕೆಳಗೆ ನಿಂತು ಬಾಯಿತುಂಬ ನಗುತ್ತಿದ್ದ ಅಪ್ಪನ ಚಿತ್ರವನ್ನು ಎಷ್ಟು ಜನರ ಮುಂದೆ ಹೇಳಿದ್ದೇನೋ!

2022ರಲ್ಲಿ ಪಾರ್ಕು ಮುಚ್ಚಿತು. ಸುದ್ದಿ ಓದಿ, ಮನೆಯವರೇ ಯಾರೋ ಹೋದ ಹಾಗೆ ಸಂಕಟವಾಗಿ ರಾಯಚೂರಿನಲ್ಲಿರುವ ಅಕ್ಕನಿಗೆ ಫೋನ್ ಮಾಡಿದೆ. "ಅಪ್ಪ ಒಳಗ ಎಲ್ಲಿ ಬಂದಿದ್ದ ತಮ್ಮಾ? ಎರಡು ಟಿಕೀಟಿಗಷ್ಟ ರೊಕ್ಕ ಇತ್ತು. ಸಂಜೀತನ ಗೇಟಿನ ಹೊರಗ ಕುಂತಿದ್ದ" ಎಂದಳು.

ಹಾಗಾದರೆ ಆ ನಗು ಎಲ್ಲಿಂದ ಬಂತು?

ಹಳಹಳಿಕೆ ನಿರುಪದ್ರವಿ ಎಂದುಕೊಂಡಿದ್ದೆ. ಈಗ ಅನುಮಾನ. ಗಾರೆ ಕೆಲಸದ ಅಪ್ಪ ಬಿಸಿಲಲ್ಲಿ ಕುಳಿತ ಆ ಇಡೀ ದಿನವನ್ನು ನನ್ನ ನೆನಪು ಅಳಿಸಿಹಾಕಿ, ಅವನಿಗೆ ಪುಕ್ಕಟೆ ಟಿಕೆಟ್ ಕೊಟ್ಟು ಒಳಗೆ ಕರೆದುಕೊಂಡಿದೆ. ಇದು ಪ್ರೀತಿಯೋ, ಸಾಲ ತೀರಿತೆಂದು ನಾನೇ ಬರೆದುಕೊಂಡ ರಸೀದಿಯೋ? ಸತ್ತವರನ್ನು ಸುಖವಾಗಿ ಕೂರಿಸಿದರೆ ನಮಗೂ ನಿದ್ದೆ ಬರುತ್ತದಲ್ಲ. (ಪಾರ್ಕಿನ ಪಕ್ಕದಲ್ಲೇ 2009ರಲ್ಲಿ ಉದ್ಘಾಟನೆಯಾದ ವಿಪಶ್ಯನಾ ಪಗೋಡವಿದೆ. ಈ ಕ್ಷಣದ ಉಸಿರನ್ನಷ್ಟೇ ನೋಡು ಅನ್ನುವವರಿಗೆ ಈ ಪೀಕಲಾಟವಿಲ್ಲ.)

ಆದರೆ ಅಕ್ಕ ಇನ್ನೊಂದು ಮಾತು ಹೇಳಿದಳು. ಆ ರಾತ್ರಿ ಅಪ್ಪ ಒಂದೊಂದು ಆಟವನ್ನೂ ಕೆದಕಿ ಕೆದಕಿ ಕೇಳಿದನಂತೆ. ಮರುದಿನ ನಳದ ಸಾಲಿನಲ್ಲಿ ನೆರೆಯವರಿಗೆ ತಾನೇ ಚಕ್ರ ಹತ್ತಿದವನಂತೆ ವರ್ಣಿಸಿದನಂತೆ. ಅಂದರೆ ಸುಳ್ಳನ್ನು ಮೊದಲು ಹೆಣೆದವನು ಅವನೇ ಇರಬೇಕು. ನಾನು ಅದನ್ನು ಆಸ್ತಿಯಂತೆ ಪಡೆದೆ. ತಿದ್ದಿದರೆ ಅವನ ಬಿಸಿಲು ಅವನಿಗೆ ಮರಳುತ್ತದೆ, ಚಕ್ರ ಹೋಗುತ್ತದೆ.

"ಇಷ್ಟು ವರ್ಷ ಸುಮ್ಮನಿದ್ದು ಈಗ್ಯಾಕ ಹೇಳಿದಿ?" ಎಂದೆ.

"ನೀ ಪಾರ್ಕು ಹೋತಂತ ಅಳಾಕತ್ತಿದ್ದಿ. ಅದಕ್ಕ."