ತಿನ್ನದ ಉಪ್ಪಿಗೂ ಋಣ ಇದೆಯಾ?

ಉಪ್ಪು ತಿಂದ ಮನೆಗೆ ಎರಡು ಬಗೆಯಬಾರದು ಅಂತ ನಮಗೆಲ್ಲ ಹೇಳಿಕೊಟ್ಟಿದ್ದಾರೆ. ಸರಿ, ತಿನ್ನದೆ ಬಿಸಾಕಿದ ಉಪ್ಪಿಗೆ?

ಈ ಪ್ರಶ್ನೆ ಹುಟ್ಟಿದ್ದು ಸಾಲ್ಟ್ ಕ್ರಸ್ಟ್ ಬೇಕಿಂಗ್‌ನಿಂದ. ಸ್ಪೇನ್, ಇಟಲಿ ಕರಾವಳಿಯ ಈ ಅಡುಗೆ ಈಗ ನಮ್ಮ ಫ್ಲಾಟುಗಳ ಓವನ್‌ಗೂ ಬಂದಿದೆ. ಹರಳುಪ್ಪಿಗೆ ಮೊಟ್ಟೆಯ ಬಿಳಿ ಕಲಸಿ ಒದ್ದೆ ಮರಳಿನ ಹದಕ್ಕೆ ತರಬೇಕು. ಹೊಟ್ಟೆ ಶುಚಿ ಮಾಡಿದ, ಆದರೆ ಹುರುಪೆ ತೆಗೆಯದ ಇಡೀ ಮೀನನ್ನು ಅದರಲ್ಲಿ ಮುಚ್ಚಿ 200 ಡಿಗ್ರಿಯಲ್ಲಿ ಅರ್ಧ ಗಂಟೆ ಬೇಯಿಸಬೇಕು. ಉಪ್ಪು ಚಿಪ್ಪಿನ ಹಾಗೆ ಗಟ್ಟಿಯಾಗುತ್ತೆ, ಹಬೆ ಒಳಗೇ ಉಳಿಯುತ್ತೆ. ಒಡೆದರೆ ಮೀನು ಮೆತ್ತಗೆ, ರಸಭರಿತ. ಚರ್ಮ ತಡೆಯುವುದರಿಂದ ಉಪ್ಪುಪ್ಪೂ ಆಗಲ್ಲ. ಸಿಪ್ಪೆ ಸಮೇತ ಬೀಟ್‌ರೂಟ್, ಆಲೂಗಡ್ಡೆಯನ್ನೂ ಹೀಗೇ ಬೇಯಿಸಬಹುದು. ರುಚಿಯ ಬಗ್ಗೆ ನನ್ನ ತಕರಾರಿಲ್ಲ.

ತಕರಾರು ಆ ಚಿಪ್ಪಿನ ಬಗ್ಗೆ. ಒಂದು ಕಿಲೋ ಮೀನಿಗೆ ಹೆಚ್ಚುಕಡಿಮೆ ಎರಡು ಕಿಲೋ ಉಪ್ಪು ಬೇಕು. ದಿನಕ್ಕೆ 5 ಗ್ರಾಂ ಮೀರಬೇಡಿ ಅನ್ನುತ್ತೆ ವಿಶ್ವ ಆರೋಗ್ಯ ಸಂಸ್ಥೆ. ಆ ಲೆಕ್ಕದಲ್ಲಿ ಇದು ಒಬ್ಬರ 400 ದಿನದ ಉಪ್ಪು. ಊಟ ಮುಗಿದ ಮೇಲೆ ಕಸ.

"ದುಡ್ಡು ಕೊಟ್ಟು ತಂದಿದೀನಿ. ಸಮುದ್ರದಲ್ಲಿ ಉಪ್ಪಿಗೆ ಬರವಾ?" ಅಂದ ಗೆಳೆಯ. ಅವನ ಮಾತು ಅರ್ಧ ಸರಿ. 1930ರಲ್ಲಿ ತೆರಿಗೆಯ ಕಾನೂನು ಮುರಿಯಲು ಅಂಕೋಲಾದ ಜನ ಉಪ್ಪು ಮಾಡಿದರು. ಇವತ್ತು ಉಪ್ಪು ಅಗ್ಗ. ಗೋಕರ್ಣದ ಹತ್ತಿರದ ಸಾಣಿಕಟ್ಟಾದಲ್ಲಿ ಬಿಸಿಲು ಇರುವ ತನಕ ಸಮುದ್ರದ ನೀರು ಉಪ್ಪಾಗುತ್ತಲೇ ಇರುತ್ತೆ. ಹಾಗಾಗಿ ಮುಗಿದು ಹೋಗುತ್ತೆ ಅನ್ನೋ ವಾದ ನಾನು ಹೂಡಲ್ಲ. ನನ್ನ ಪ್ರಶ್ನೆ, ಒಡೆದ ಚಿಪ್ಪು ಎಲ್ಲಿಗೆ ಹೋಗುತ್ತೆ?

ಹಸಿ ಕಸಕ್ಕೆ ಹಾಕಿದರೆ ಗೊಬ್ಬರದ ಜೊತೆ ಹೊಲಕ್ಕೆ. ಸಿಂಕಿಗೆ ಸುರಿದರೆ ಕೊಳಚೆ ನೀರಿಗೆ. ಕರಗಿದ ಉಪ್ಪನ್ನು ಸಾಮಾನ್ಯ ಶುದ್ಧೀಕರಣ ಘಟಕ ತೆಗೆಯಲ್ಲ. ಬೆಂಗಳೂರಿನ ಸಂಸ್ಕರಿಸಿದ ನೀರು ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಕೋಲಾರದ ಕೆರೆಗಳನ್ನು ತುಂಬುತ್ತೆ.

ಹೊಲಕ್ಕೆ ಉಪ್ಪು ಬಂದರೆ ಏನಾಗುತ್ತೆ ಅಂತ ಮುಧೋಳ, ಜಮಖಂಡಿ ಕಡೆಯವರನ್ನು ಕೇಳಿ. ನಮ್ಮದು ಘಟಪ್ರಭೆಯ ಕಾಲುವೆ ಸೀಮೆ, ಕಬ್ಬಿನ ನಾಡು. ಬಸಿಗಾಲುವೆ ಇಲ್ಲದ ಕರಿಮಣ್ಣಿಗೆ ಹರಿಸಿದ್ದೇ ಹರಿಸಿದ್ದು. ನೆಲದೊಳಗಿನ ನೀರು ಮೇಲೇರಿತು, ಬಿಸಿಲಿಗೆ ಆವಿಯಾಯಿತು, ಹೊತ್ತು ತಂದ ಉಪ್ಪನ್ನು ಮೇಲೇ ಬಿಟ್ಟಿತು. ಇದಕ್ಕೆ ನಾವು ಸವಳು ಅಂತೀವಿ. ನಮ್ಮ ಎರಡು ಎಕರೆ ಬೇಸಿಗೆಯಲ್ಲಿ ಬೆಳ್ಳಗೆ ಹೊಳೆಯುತ್ತೆ. ಕಾಲಿಟ್ಟರೆ ಪದರ ಪುಡಿಯಾಗುತ್ತೆ, ಥೇಟ್ ಓವನ್‌ನಿಂದ ತೆಗೆದ ಚಿಪ್ಪಿನ ಹಾಗೆ. ಒಳಗೆ ಮಾತ್ರ ತಿನ್ನೋಕೆ ಏನೂ ಇಲ್ಲ. ಅದೇ ಹೊಲದ ಕಬ್ಬಿನ ದುಡ್ಡಲ್ಲಿ ನನ್ನ ಬಿಇ ಫೀಸು ಕಟ್ಟಿದ್ದು.

"ಬಂದ ನೀರು ಯಾರರೆ ಬ್ಯಾಡ ಅಂತಾರೇನು?" ಅಂತಾರೆ ಅಪ್ಪ. ಅವರ ಮಾತಿಗೆ ನನ್ನಲ್ಲಿ ಉತ್ತರ ಇಲ್ಲ. ಯಾರೂ ಕದ್ದಿಲ್ಲ, ಮೋಸ ಮಾಡಿಲ್ಲ. ಒಬ್ಬೊಬ್ಬರೂ ಕೈಗೆ ಸಿಕ್ಕ ಅಗ್ಗದ ನೀರನ್ನು ಬಳಸಿದರು, ಅಷ್ಟೇ.

ಒಂದು ಮೀನಿನ ಉಪ್ಪಿನಿಂದ ಕೋಲಾರ ಸವಳಾಗಲ್ಲ, ಗೊತ್ತು. ಆದರೆ "ನನ್ನದೊಂದರಿಂದ ಏನು ಮಹಾ" ಅನ್ನೋ ಮಾತು ಎಲ್ಲರ ಬಾಯಲ್ಲೂ ಒಂದೇ ಸಲ ಬಂದಾಗ ಏನಾಗುತ್ತೆ ಅಂತಲೂ ಗೊತ್ತು. ಅಗ್ಗ ಅಂದರೆ ಬೆಲೆ ಇಲ್ಲ ಅಂತಲ್ಲ. ಉಳಿದ ಬೆಲೆಯನ್ನು ಬೇರೆ ಯಾರೋ, ಬೇರೆ ಎಲ್ಲೋ ಕಟ್ಟುತ್ತಾರೆ. ಅಂಗಡಿಯವನಿಗೆ ದುಡ್ಡು ಕೊಟ್ಟ ಮಾತ್ರಕ್ಕೆ ಅವರ ಋಣ ತೀರಲ್ಲ.

ಹಾಗಂತ ಈ ಅಡುಗೆ ಬಿಡಿ ಅಂತ ಹೇಳ್ತಿಲ್ಲ. ನಮ್ಮ ಕಡೆ ಚುರುಮರಿ ಭಟ್ಟಿಯಲ್ಲಿ ಕಾದ ಮರಳಲ್ಲಿ ಹುರಿದು, ಜರಡಿ ಹಿಡಿದು, ಅದೇ ಮರಳನ್ನು ಮತ್ತೆ ಒಲೆಗೆ ಹಾಕ್ತಾರೆ. ಗಾಡಿಯವನು ಶೇಂಗಾ ಹುರಿಯುವ ಉಪ್ಪೂ ಹಾಗೇ. ನೀವೂ ಮೊಟ್ಟೆ ಕಲಸದ ಒಣ ಉಪ್ಪಲ್ಲಿ ಸಿಪ್ಪೆ ಸಮೇತ ಆಲೂಗಡ್ಡೆ ಹೂತು ಬೇಯಿಸಿ. ಆ ಉಪ್ಪನ್ನು ಡಬ್ಬಿಯಲ್ಲಿಟ್ಟರೆ ಮುಂದಿನ ಸಲಕ್ಕೂ ಬರುತ್ತೆ. ಮೀನಿಗಾದರೆ ಬಾಳೆ ಎಲೆ ಸುತ್ತಿ ಓವನ್‌ಗಿಡಿ. ಅದೂ ಹಬೆಯನ್ನು ಒಳಗೇ ಹಿಡಿಯುತ್ತೆ. ಆ ಎಲೆ ನಾಳೆ ಯಾರ ಹೊಲಕ್ಕೆ ಹೋದರೂ ಗೊಬ್ಬರವೇ ಆಗುತ್ತೆ.