ಬಾಗಿಲಲ್ಲಿ ನಿಂತವನ ಕರ್ತೃತ್ವ

ಮತ್ತೊಬ್ಬನನ್ನು ಅಪಾಯಕ್ಕೆ ಕಳುಹಿಸುವವನಿಗೆ ಆ ಕರ್ಮದ ಫಲದಲ್ಲಿ ಎಷ್ಟು ಪಾಲು ಎಂಬ ಪ್ರಶ್ನೆ ಆಗ್ರಾದ ಪ್ಯಾರಾಟ್ರೂಪರ್ಸ್ ತರಬೇತಿ ಶಾಲೆಯಲ್ಲಿ ಬರಿಯ ಪುಸ್ತಕದ ಪ್ರಶ್ನೆಯಾಗಿ ಉಳಿಯುವುದಿಲ್ಲ. ಬೆಂಗಳೂರಿನಲ್ಲಿ ತರಬೇತಿ ಕೇಂದ್ರವಿರುವ ಪ್ಯಾರಾಚೂಟ್ ರೆಜಿಮೆಂಟಿನ ಯೋಧನು ಅಲ್ಲಿ ಐದು ಜಿಗಿತಗಳನ್ನು ಪೂರೈಸಿ ರೆಕ್ಕೆಯ ಲಾಂಛನ ಪಡೆಯುತ್ತಾನೆ; ಆದರೆ ಜಿಗಿತದ ಮೇಲ್ವಿಚಾರಕನಿಗೆ, ಅಂದರೆ ವಿಮಾನದ ಬಾಗಿಲಲ್ಲಿ ನಿಂತು ಇತರರನ್ನು ಹೊರಗೆ ಬಿಡುವವನಿಗೆ, ಸ್ವಂತ ಧೈರ್ಯವೊಂದೇ ಸಾಲದು. ಅಮೆರಿಕದ ಸೇನೆಯಲ್ಲಿ ಈ ಅರ್ಹತೆ ಬಯಸುವವನು ಮೂವರು ಯೋಧರ ಸಜ್ಜನ್ನು ಐದು ನಿಮಿಷದೊಳಗೆ ಕೈಯಿಂದ ಮುಟ್ಟಿ ಪರೀಕ್ಷಿಸಿ ದೋಷಗಳನ್ನು ಹಿಡಿಯಬೇಕು: ಹೆಲ್ಮೆಟ್ಟಿನ ಪಟ್ಟಿ, ಎದೆಯ ಕೊಂಡಿ, ಜಿಗಿದವನ ಪ್ಯಾರಾಚೂಟನ್ನು ತಾನೇ ಎಳೆದು ಬಿಚ್ಚುವ, ವಿಮಾನದೊಳಗಿನ ಉಕ್ಕಿನ ತಂತಿಗೆ ಸಿಕ್ಕಿಸಿದ ಸ್ಟ್ಯಾಟಿಕ್ ಲೈನ್.

ಭಗವದ್ಗೀತೆಯ 18ನೆಯ ಅಧ್ಯಾಯವು ಕರ್ಮಕ್ಕೆ ಐದು ಕಾರಣಗಳನ್ನು ಹೇಳುತ್ತದೆ: ಅಧಿಷ್ಠಾನ ಎಂದರೆ ಆಧಾರವಾದ ದೇಹ, ಕರ್ತೃ, ಕರಣ ಎಂದರೆ ಸಾಧನ, ಚೇಷ್ಟೆ ಎಂದರೆ ಪ್ರಯತ್ನ, ಕೊನೆಗೆ ದೈವ. ಈ ಅನುಕ್ರಮವೇ ಇಲ್ಲಿ ಮುಖ್ಯವಾದುದು. ಕೊಂಡಿಯನ್ನು ಮುಟ್ಟಿ ನೋಡದವನಿಗೆ ದೈವವನ್ನು ಹೆಸರಿಸುವ ಹಕ್ಕಿಲ್ಲ. ವಂಡ್ಸೆಯ ಸನಿಹದ ಮಾರಣಕಟ್ಟೆ ಮೇಳದ ಯಕ್ಷಗಾನ ನೋಡಿ ಬೆಳೆದವರಿಗೆ, ತಾನು ಕುಣಿಯದೆ ವೇಷಧಾರಿಯ ಹೆಜ್ಜೆಯನ್ನೆಲ್ಲ ನಡೆಸುವ ಭಾಗವತನ ಸ್ಥಾನ ಗೊತ್ತೇ ಇದೆ, ಆದರೆ ಭಾಗವತನಿಗೆ ಮುಂದಿನ ಪದ್ಯದಲ್ಲಿ ತಿದ್ದಿಕೊಳ್ಳಲು ಅವಕಾಶವಿದೆ, ಬಾಗಿಲಲ್ಲಿ ನಿಂತವನಿಗೆ ಅದಿಲ್ಲ. ಆದ್ದರಿಂದ ಮಾಡಿಸುವವನೂ ಮಾಡುವವನಷ್ಟೇ ಪೂರ್ಣ ಕರ್ತೃವೆಂದು ಒಪ್ಪಲೇಬೇಕು. ಜಿಗಿಯಲು ಸೂಚಿಸುವ ಹಸಿರು ದೀಪ ಹತ್ತಿದ ಮೇಲೂ ದೋಷ ಕಂಡರೆ ಯೋಧನನ್ನು ತಡೆದು ನಿಲ್ಲಿಸಬೇಕಾದವನು ಅವನೇ.